ಕಣ : ಒಂದು ಮಾತಿನ ಹಿಂದು ಮುಂದು



ಬಿತ್ತನೆ, ಗೊಬ್ಬರ, ಕೀಟ, ರೋಗ ಇವುಗಳ ಮಾತನ್ನು ನೀವು ಇಲ್ಲಿ ಬೇಕಾದಷ್ಟು ಕೇಳಿದ್ದೀರಿ. ಇವತ್ತು ಅದನ್ನೆಲ್ಲ ಸ್ವಲ್ಪ ಬದಿಗಿಟ್ಟು ಒಂದೇ ಒಂದು ಮಾತನ್ನು ಹಿಡಿದುಕೊಂಡು ಕೂರೋಣ. ಆ ಮಾತು 'ಕಣ'. ಎರಡೇ ಅಕ್ಷರ. ಆದರೆ ಬೆಳೆದ ಬೆಳೆ ಕಾಳಾಗಿ ಮನೆ ಸೇರಬೇಕಾದರೆ ಈ ಎರಡಕ್ಷರವನ್ನು ದಾಟಿಯೇ ಬರಬೇಕು. ಕೊಯ್ದದ್ದನ್ನು ಹರಡುವುದು, ಒಣಗಿಸುವುದು, ತುಳಿಸುವುದು, ತೂರುವುದು, ರಾಶಿ ಮಾಡುವುದು, ಅಳೆಯುವುದು, ಪಾಲು ಹಂಚುವುದು ಎಲ್ಲವೂ ಕಣದ ಮೇಲೆಯೇ ನಡೆಯುವ ಕೆಲಸ. ಇಷ್ಟು ಕೆಲಸ ಹೊತ್ತ ಜಾಗದ ಹೆಸರು ಬಹಳ ಹಳೆಯದಾಗಿರಲೇಬೇಕು ಅಂತ ನೀವೇ ಹೇಳುತ್ತೀರಿ. ಹೌದು, ಬಹಳ ಹಳೆಯದು.

ಮೊದಲು ಮಾತಿನ ಮೂಲ ನೋಡೋಣ. ಹಳಗನ್ನಡದಲ್ಲಿ ಇದಕ್ಕೆ 'ಕಳ' ಅಂತಲೂ ರೂಪವಿದೆ. ತಮಿಳರೂ ಮಲೆಯಾಳದವರೂ ಇಂದಿಗೂ 'ಕಳಂ' ಅನ್ನುತ್ತಾರೆ. ತೆಲುಗರು 'ಕಳ್ಳಂ' ಅನ್ನುತ್ತಾರೆ. ಅಂದರೆ ಈ ನಾಲ್ಕು ಭಾಷೆಗಳೂ ಒಂದೇ ಮನೆಯಲ್ಲಿದ್ದ ಕಾಲದಿಂದಲೇ ಈ ಮಾತು ನಮ್ಮ ಜತೆ ಬಂದಿದೆ. ಸಂಸ್ಕೃತದಲ್ಲಿ ಇದಕ್ಕೆ 'ಖಲ' ಅನ್ನುತ್ತಾರೆ. ಋಗ್ವೇದದ 10ನೆಯ ಮಂಡಲದಲ್ಲೇ ಒಕ್ಕಣೆಯ ಕಣದ ಹೋಲಿಕೆಯೊಂದು ಬರುತ್ತದೆ. ಹಿಂದಿಯ 'ಖಲಿಹಾನ್', ಮರಾಠಿಯ 'ಖಳೆ' ಎರಡೂ ಆ ಕಡೆಯವು. ಸಂಸ್ಕೃತವೇ ಈ ಮಾತನ್ನು ದಕ್ಷಿಣದ ಭಾಷೆಗಳಿಂದ ತೆಗೆದುಕೊಂಡಿತು ಅಂತ ಟಿ. ಬರೋ ಎಂಬ ಭಾಷಾಪಂಡಿತರು ಹೇಳಿದ್ದಾರೆ. ಒಕ್ಕಲುತನದ ಮಾತು ಒಕ್ಕಲಿನವರ ಬಾಯಿಂದ ಪಂಡಿತರ ಗ್ರಂಥಕ್ಕೆ ಹೋಯಿತು ಅನ್ನುವುದು ನಮಗೆ ಕೇಳಲು ಹಿತವಾದ ಸಂಗತಿಯೇ.

ಈಗ ಒಂದು ಗೊಂದಲ ಬಿಡಿಸಬೇಕು. ಕನ್ನಡದಲ್ಲಿ 'ಕಣ' ಎಂಬ ಇನ್ನೊಂದು ಮಾತಿದೆ. ಅದು ಸಂಸ್ಕೃತದಿಂದ ಬಂದದ್ದು. ಅದಕ್ಕೆ ಕಾಳು, ನುಚ್ಚು, ಅತಿ ಸಣ್ಣ ಚೂರು ಎಂದು ಅರ್ಥ. 'ರಕ್ತಕಣ', 'ಧೂಳಿನ ಕಣ' ಅನ್ನುವಾಗ ಬರುವುದು ಈ ಕಣ. ಲೋಕವೆಲ್ಲ ಅಣುಗಳಿಂದ ಆಗಿದೆ ಎಂದ ವೈಶೇಷಿಕ ದರ್ಶನದ ಮುನಿಗೆ 'ಕಣಾದ' ಅಂತ ಹೆಸರು. ಬಿದ್ದ ಕಾಳನ್ನು ಆಯ್ದು ತಿಂದು ಬದುಕುತ್ತಿದ್ದವನು ಎಂದು ಹಿರಿಯರು ಆ ಹೆಸರಿಗೆ ಅರ್ಥ ಹೇಳುತ್ತಾರೆ. ಹಾಗಾಗಿ ನಮ್ಮ ಕಣದ ಮೇಲೆ ಕಣ ಬಿದ್ದಿರುತ್ತದೆ ಅಂದರೆ ತಪ್ಪಿಲ್ಲ. ನೆಲದ ಕಣ ದೇಶಿ ಮಾತು, ಕಾಳಿನ ಕಣ ಸಂಸ್ಕೃತದ ಮಾತು. ಬರೆಯುವ ಅಕ್ಷರ ಒಂದೇ, ಹುಟ್ಟಿದ ಮನೆ ಬೇರೆ.

ಹೆಣ್ಣುಮಕ್ಕಳಿಗೆ ಮೂರನೆಯ ಕಣವೂ ಗೊತ್ತು. ಅರಿಸಿನ ಕುಂಕುಮದ ಜತೆ ಕೊಡುವ ರವಿಕೆ ಕಣ. ಉತ್ತರದ ಕಡೆಯವರು ಇದನ್ನು 'ಖಣ' ಎಂದು ಒತ್ತಿ ಹೇಳುತ್ತಾರೆ. ಗುಳೇದಗುಡ್ಡದ ಖಣಕ್ಕೆ ದೂರ ದೂರದಲ್ಲಿ ಹೆಸರಿದೆ. ಅದಕ್ಕೂ ಒಕ್ಕಣೆಯ ನೆಲಕ್ಕೂ ನಂಟಿಲ್ಲ. ಇನ್ನು ನಾಟಕ ಸಿನಿಮಾದ 'ಖಳ'ನ ಹೆಸರು ಸಂಸ್ಕೃತದ 'ಖಲ' ಎಂಬ ಮಾತೇ. ಅಲ್ಲಿ ಅದಕ್ಕೆ ದುಷ್ಟ ಎಂದು ಅರ್ಥ. ನಮ್ಮ ಕಣಕ್ಕೆ ಆ ಅರ್ಥ ಯಾವತ್ತೂ ಅಂಟಲಿಲ್ಲ.

ಆದರೆ ಕಣಕ್ಕೆ ಇನ್ನೊಂದು ಅರ್ಥ ಹಳೆಗಾಲದಿಂದಲೇ ಅಂಟಿದೆ. ಅದು ಯುದ್ಧ ನಡೆಯುವ ಜಾಗ. ಒಕ್ಕುವ ನೆಲಕ್ಕೂ ಹೊಡೆದಾಡುವ ನೆಲಕ್ಕೂ ಒಂದೇ ಹೆಸರು ಯಾಕೆ ಬಂತು? ಮೂಲದಲ್ಲಿ ಈ ಮಾತಿಗೆ ಬಯಲು, ಮಟ್ಟಸವಾದ ತೆರೆದ ಜಾಗ ಎಂಬ ಅರ್ಥವೂ ಇದೆ. ಎರಡೂ ಕೆಲಸಕ್ಕೆ ಅಂಥ ಜಾಗವೇ ಬೇಕು. ತಮಿಳಿನ ಪುರನಾನೂರು ಎಂಬ ಹಳೆಯ ಸಂಕಲನದಲ್ಲಿ ಕವಿಗಳು ರಣಭೂಮಿಯನ್ನು ಒಕ್ಕಣೆಯ ಕಣಕ್ಕೆ ಹೋಲಿಸಿದ್ದಾರೆ. ಅಲ್ಲಿ ಎತ್ತುಗಳ ಬದಲು ಆನೆಗಳು ತುಳಿಯುತ್ತವೆ. ರೈತನ ಕಣದಲ್ಲಿ ಹಾಡಿದವರಿಗೆ ಕಾಳು ಸಿಕ್ಕುವಂತೆ ರಾಜನ ಕಣದಲ್ಲಿ ಹಾಡಿದ ಕವಿಗೆ ಆನೆ ಸಿಗಲಿ ಎಂಬ ಬೇಡಿಕೆಯೂ ಇರುತ್ತದೆ.

ಅಲ್ಲಿಂದ ಮುಂದೆ ಮಾತು ಬೆಳೆಯಿತು. ಕುಸ್ತಿಯ ಕಣ ಬಂತು. 1951–52ರಲ್ಲಿ ದೇಶದ ಮೊದಲ ಮಹಾಚುನಾವಣೆ ಆಯಿತು. ಈಗ ಪ್ರತಿ ಚುನಾವಣೆಯಲ್ಲೂ ಪತ್ರಿಕೆಗಳು 'ಕಣಕ್ಕಿಳಿದರು', 'ಕಣದಲ್ಲಿ ಉಳಿದರು', 'ಕಣದಿಂದ ಹಿಂದೆ ಸರಿದರು' ಅಂತ ಬರೆಯುತ್ತವೆ. ಈಗಿನ ಪಟ್ಟಣದ ಮಗು 'ಕಣ' ಎಂಬ ಮಾತನ್ನು ಮೊದಲು ಕೇಳುವುದು ಚುನಾವಣೆ ಸುದ್ದಿಯಲ್ಲೇ ಇರಬಹುದು. ಹಳ್ಳಿಯ ಮಗುವಿಗೂ ಹಾಗೇ ಆಗುವ ದಿನ ದೂರವಿಲ್ಲ. ಅದಕ್ಕೇ ಈ ಮಾತಿನ ಹಿಂದೆ ಇದ್ದ ಕೆಲಸವನ್ನು ಒಮ್ಮೆ ನೆನಪು ಮಾಡಿಕೊಳ್ಳಬೇಕು.

ಕಣ ಮಾಡುವುದು ಅಂದರೆ ಸುಮ್ಮನೆ ಜಾಗ ಗುಡಿಸುವುದಲ್ಲ. ನೀರು ನಿಲ್ಲದ, ಗಾಳಿ ಚೆನ್ನಾಗಿ ಆಡುವ, ಸ್ವಲ್ಪ ಎತ್ತರದ ಜಾಗ ನೋಡಬೇಕು. ಹುಲ್ಲು ಕೆತ್ತಿ, ನೆಲ ಮಟ್ಟ ಮಾಡಿ, ನೀರು ಚಿಮುಕಿಸಿ, ಗುಂಡು ಉರುಳಿಸಿ ಗಟ್ಟಿ ಮಾಡಬೇಕು. ಆಮೇಲೆ ಸಗಣಿ ಬಗ್ಗಡದಿಂದ ಸಾರಿಸಿ ಒಣಗಲು ಬಿಡಬೇಕು. ಬಿರುಕು ಬಿಟ್ಟರೆ ಮತ್ತೊಮ್ಮೆ ಸಾರಿಸಬೇಕು. ಬಿರುಕಿನೊಳಗೆ ಇಳಿದ ಕಾಳು ನಮ್ಮದಲ್ಲ, ಇರುವೆಯದು. ಹೆಚ್ಚಿನ ಮನೆಗಳಲ್ಲಿ ಈ ಸಾರಿಸುವ ಕೆಲಸ ಹೆಂಗಸರದು. ಹೀಗೆ ಸಿದ್ಧವಾದ ಕಣಕ್ಕೆ ಕೆರ ಮೆಟ್ಟಿಕೊಂಡು ಬರಬಾರದು ಅಂತ ಹಿರಿಯರು ಗದರುತ್ತಿದ್ದರು. ಅದು ಭಕ್ತಿಯೂ ಹೌದು, ಕಾಳಿಗೆ ಮಣ್ಣು ಕಲ್ಲು ಸೇರದಿರಲಿ ಎಂಬ ಬುದ್ಧಿಯೂ ಹೌದು.

ಕಣದ ನಡುವೆ ನೆಡುವ ಕಂಬಕ್ಕೆ 'ಮೇಟಿ' ಅನ್ನುತ್ತೇವೆ. ಅದಕ್ಕೆ ಎತ್ತುಗಳನ್ನು ಸಾಲಾಗಿ ಕಟ್ಟಿ ಸುತ್ತಿಸಿದರೆ ಉತ್ತರದ ಕಡೆ ಅದಕ್ಕೆ 'ಹಂತಿ' ಅಂತ ಹೆಸರು. ರಾತ್ರಿಯೆಲ್ಲ ಹಂತಿ ಹೊಡೆಯುವಾಗ ನಿದ್ದೆ ಬಾರದಿರಲೆಂದು ಹಾಡಿದ ಹಂತಿಪದಗಳು ಒಂದು ದೊಡ್ಡ ಜನಪದ ಭಂಡಾರವೇ ಆಗಿವೆ. ರೋಣಗಲ್ಲು, ರಾಶಿ, ಬಣವೆ, ಮೆದೆ, ಹೊಟ್ಟು, ಜೊಳ್ಳು ಇವೆಲ್ಲ ಕಣದ ಸುತ್ತ ಹುಟ್ಟಿದ ಮಾತುಗಳು. 'ಗಾಳಿ ಬಂದಾಗ ತೂರಿಕೊ' ಎಂಬ ಗಾದೆ ಕಣದಲ್ಲಿ ಮೊರ ಹಿಡಿದು ನಿಂತವರ ಅನುಭವ.

ಮೇಟಿಯ ಕಥೆಯೂ ದೊಡ್ಡದು. ಅಮರಕೋಶದ ವೈಶ್ಯವರ್ಗದಲ್ಲಿ 'ಮೇಧಿ' ಎಂಬ ಮಾತಿದೆ. ಕಣದಲ್ಲಿ ದನ ಕಟ್ಟಲು ನೆಟ್ಟ ಮರ ಅಂತ ಅದಕ್ಕೆ ಅರ್ಥ ಕೊಟ್ಟಿದ್ದಾರೆ. ಭಾಗವತ ಪುರಾಣದಲ್ಲಿ ಧ್ರುವನ ಸುತ್ತ ನಕ್ಷತ್ರಗಳು ತಿರುಗುವ ಬಗೆಯನ್ನು ಹೇಳುವಾಗ, ಮೇಟಿಯ ಸುತ್ತ ಎತ್ತುಗಳು ತಿರುಗಿದ ಹಾಗೆ ಅಂತ ಹೋಲಿಸಿದ್ದಾರೆ. ಆಕಾಶವನ್ನು ವಿವರಿಸುವವರಿಗೂ ರೈತನ ಕಣವೇ ಬೇಕಾಯಿತು ನೋಡಿ. ಬೇಸಾಯಕ್ಕೇ 'ಮೇಟಿ ವಿದ್ಯೆ' ಎಂಬ ಹೆಸರಿದೆ. ಸರ್ವಜ್ಞನ ಹೆಸರಿನಲ್ಲಿ ಆ ಮಾತು ಮನೆಮನೆಯ ಮಾತಾಗಿದೆ.

ಕಣಕ್ಕೆ ಕಾನೂನು ಕಟ್ಟಳೆಯೂ ಹಳೆಯದೇ. ಕೌಟಿಲ್ಯನ ಅರ್ಥಶಾಸ್ತ್ರದಲ್ಲಿ ಬೇಸಾಯದ ಅಧಿಕಾರಿಯ ಕೆಲಸಗಳನ್ನು ಹೇಳುವ ಅಧ್ಯಾಯವೊಂದಿದೆ. ಕಣದಲ್ಲಿ ಕೆಲಸ ಮಾಡುವವರ ಬಳಿ ಬೆಂಕಿ ಇರಕೂಡದು, ನೀರು ಇರಬೇಕು ಅಂತ ಅಲ್ಲಿ ಹೇಳಿದೆ. ಬಣವೆಯ ಪಕ್ಕದಲ್ಲಿ ಬೀಡಿ ಸೇದುವವರು ಈ ಮಾತನ್ನು ಇವತ್ತೂ ಕೇಳಿಸಿಕೊಳ್ಳಬೇಕು.

ಇನ್ನು ರಾಶಿಯ ವಿಚಾರಕ್ಕೆ ಬರೋಣ. ರಾಶಿ ಮಾಡಿದ ಮೇಲೆ ಸಗಣಿಯ ಬೆನಕನನ್ನು ಮಾಡಿ, ಗರಿಕೆ ಸಿಕ್ಕಿಸಿ, ಪೂಜೆ ಮಾಡಿ ಅಳತೆಗೆ ಕೂರುತ್ತಿದ್ದರು. ಅಳೆಯುವವನು ಒಂದನೆಯ ಕೊಳಗಕ್ಕೆ 'ಒಂದು' ಅನ್ನುತ್ತಿರಲಿಲ್ಲ, 'ಲಾಭ' ಅನ್ನುತ್ತಿದ್ದ. ಆಮೇಲೆ ಎರಡು, ಮೂರು. ಮೈಸೂರು ಸೀಮೆಯಲ್ಲಿ ಇಪ್ಪತ್ತು ಕೊಳಗಕ್ಕೆ ಒಂದು ಖಂಡುಗ. 1956ರ ತೂಕ ಅಳತೆ ಕಾಯಿದೆ ಬಂದ ಮೇಲೆ ಕಿಲೋಗ್ರಾಮು ಕ್ವಿಂಟಾಲು ಬಂದವು, ಕೊಳಗ ಅಟ್ಟ ಸೇರಿತು.

ಆದರೆ ಅಳತೆ ಮಾಡಿದ್ದೆಲ್ಲ ಬೆಳೆದವನ ಮನೆಗೆ ಹೋಗುತ್ತಿತ್ತು ಅಂತ ತಿಳಿಯಬೇಡಿ. ಫ್ರಾನ್ಸಿಸ್ ಬುಕಾನನ್ ಎಂಬ ಇಂಗ್ಲಿಷರ ವೈದ್ಯ 1800–01ರಲ್ಲಿ ಮೈಸೂರು ಸೀಮೆಯನ್ನು ಸುತ್ತಿ, ಕಂಡದ್ದನ್ನೆಲ್ಲ ಬರೆದಿಟ್ಟ. ಅದು 1807ರಲ್ಲಿ ಮೂರು ಸಂಪುಟವಾಗಿ ಅಚ್ಚಾಯಿತು. ಕಣದಲ್ಲಿ ರಾಶಿ ಹೇಗೆ ಪಾಲಾಗುತ್ತದೆ ಎಂಬುದನ್ನು ಆತ ವಿವರವಾಗಿ ಹೇಳಿದ್ದಾನೆ. ಮೊದಲು ದೇವರಿಗೆ, ಆಮೇಲೆ ಊರಿನ ಅಧಿಕಾರಿಗಳಿಗೆ ಮತ್ತು ಕಸುಬಿನವರಿಗೆ ಗೊತ್ತುಮಾಡಿದ ಅಳತೆ ತೆಗೆಯುತ್ತಿದ್ದರು. ಉಳಿದದ್ದರಲ್ಲಿ ಸರ್ಕಾರಕ್ಕೂ ರೈತನಿಗೂ ಪಾಲು. ರಾಶಿಯ ತಳದಲ್ಲಿ ಸಗಣಿ ಮಣ್ಣಿನ ಜತೆ ಬೆರೆತು ಉಳಿದ ಕಾಳು ನೀರಗಂಟಿಯ ಪಾಲಿಗೆ.

ಕಮ್ಮಾರ, ಬಡಗಿ, ಕುಂಬಾರ, ಅಗಸ, ಕ್ಷೌರಿಕ, ತಳವಾರ, ತೋಟಿ, ನೀರಗಂಟಿ ಹೀಗೆ ಊರಿನ ಆಯಗಾರರಿಗೆ ವರ್ಷದ ಕೂಲಿ ಸಿಕ್ಕುತ್ತಿದ್ದುದು ಕಣದಲ್ಲೇ. ನೇಗಿಲಿನ ಗುಳ ಚೂಪು ಮಾಡಿದ್ದಕ್ಕೆ, ಮಡಕೆ ಕೊಟ್ಟಿದ್ದಕ್ಕೆ, ಬಟ್ಟೆ ಒಗೆದಿದ್ದಕ್ಕೆ ವರ್ಷವಿಡೀ ಕೈಗೆ ಕಾಸು ಬರುತ್ತಿರಲಿಲ್ಲ. ಕಣದಲ್ಲಿ ಕಾಳು ಬಂದರೆ ಅವರ ಮನೆ ಒಲೆ ಉರಿಯುತ್ತಿತ್ತು. ಮಳೆ ಕೈಕೊಟ್ಟು ರಾಶಿ ಸಣ್ಣದಾದರೆ ಎಲ್ಲರ ಪಾಲೂ ಸಣ್ಣದಾಗುತ್ತಿತ್ತು. ಹಾಗಾಗಿ ಕಣ ಅಂದರೆ ಇಡೀ ಊರಿನ ಲೆಕ್ಕದ ಪುಸ್ತಕ.

ಈ ಪುಸ್ತಕದಲ್ಲಿ ಎಲ್ಲ ಪುಟವೂ ಚೆನ್ನಾಗಿರಲಿಲ್ಲ. ಹೊರೆ ಹೊತ್ತ ತಲೆ, ರಾತ್ರಿ ಕಾವಲು ಕಾಯ್ದ ಕಣ್ಣು ಯಾರದೋ ಅವರೇ ಹಲವು ಕಡೆ ಕಣದ ಅಂಚಿನಲ್ಲಿ ನಿಂತು ಸೆರಗೊಡ್ಡಬೇಕಾಗಿತ್ತು. ದುಡಿದವರಿಗೆ ಸಲ್ಲಬೇಕಾದದ್ದನ್ನು ದಾನ ಕೊಟ್ಟಂತೆ ಕೊಡುತ್ತಿದ್ದರು. ಗೇಣಿ ರೈತನ ಸಂಕಟವೂ ಕಣದ್ದೇ. ವಾರಕ್ಕೆ ಮಾಡಿದ ಹೊಲದ ರಾಶಿಯಲ್ಲಿ ಅರ್ಧ ಜಮೀನಿನ ಒಡೆಯನ ಗಾಡಿ ಹತ್ತಿದ ಮೇಲೆ, ಬೀಜದ ಸಾಲ ತೀರಿಸಿ, ಆಯ ಕೊಟ್ಟು, ಮೊರ ಕೊಡವಿಕೊಂಡು ಮನೆಗೆ ಹೋದವರಿದ್ದರು. 'ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ' ಅನ್ನುವುದು ಅಂಥವರ ಮಾತೇ.

ಕಾನೂನು ಬದಲಾದಾಗ ಕಣವೂ ಬದಲಾಯಿತು. ಗ್ರಾಮ ಹುದ್ದೆಗಳ ರದ್ದಿಯಾತಿ ಕಾಯಿದೆ 1961ರಲ್ಲಿ ಆಗಿ, 1963ರಲ್ಲಿ ಜಾರಿಗೆ ಬಂತು. ವಂಶಪಾರಂಪರ್ಯದ ಪಟೇಲಿಕೆ, ಶಾನುಭೋಗಿಕೆ, ತೋಟಿ ತಳವಾರಿಕೆ ನಿಂತವು. 1961ರ ಭೂಸುಧಾರಣಾ ಕಾಯಿದೆಗೆ ಮಾಡಿದ ತಿದ್ದುಪಡಿ 1974ರ ಮಾರ್ಚ್ 1ರಿಂದ ಜಾರಿಗೆ ಬಂದು ಗೇಣಿ ಪದ್ಧತಿಯನ್ನು ರದ್ದು ಮಾಡಿತು. ಅರ್ಜಿ ಹಾಕಿ ಹಕ್ಕು ಪಡೆದ ಗೇಣಿದಾರನ ಕಣದಿಂದ ಒಡೆಯನ ಗಾಡಿ ಬರಿದೇ ಹೋಯಿತು. ನಿಮ್ಮಲ್ಲಿ ಎಷ್ಟೋ ಮನೆಗಳ ಹಿರಿಯರಿಗೆ ತಮ್ಮ ರಾಶಿ ಪೂರ್ತಿಯಾಗಿ ತಮ್ಮ ಮನೆಗೇ ಬಂದ ಮೊದಲ ಸುಗ್ಗಿಯ ನೆನಪು ಇದ್ದೀತು. ಮಕ್ಕಳು ಅವರನ್ನು ಕೂರಿಸಿಕೊಂಡು ಕೇಳಬೇಕು. ಅದು ಯಾವ ಪಠ್ಯಪುಸ್ತಕದಲ್ಲೂ ಸಿಗದ ಚರಿತ್ರೆ.

ಕಂದಾಯದ ಕಾಗದದಲ್ಲೂ ಕಣ ಉಳಿದಿದೆ. ಪಹಣಿಯಲ್ಲಿ 'ಖರಾಬು' ಅಂತ ಒಂದು ಕಲಂ ನೋಡಿರುತ್ತೀರಿ. ಅದರಲ್ಲಿ ಅ ಮತ್ತು ಬ ಎಂದು ಎರಡು ಬಗೆ. 1966ರ ಕರ್ನಾಟಕ ಭೂಕಂದಾಯ ನಿಯಮಗಳಲ್ಲಿ 'ಅ' ಖರಾಬು ಅಂದರೆ ಮೋಜಣಿಯ ಕಾಲದಲ್ಲಿ ಸಾಗುವಳಿಗೆ ಬಾರದ್ದೆಂದು ಬಿಟ್ಟ ಜಾಗ. ಹಿಡುವಳಿದಾರನ ಹೊಲದ ಮನೆ ಮತ್ತು ಕಣ ಈ ಬಗೆಗೆ ಸೇರುತ್ತವೆ. ದಾರಿ ಮೊದಲಾದ ಸಾರ್ವಜನಿಕ ಉಪಯೋಗಕ್ಕೆ ಬಿಟ್ಟದ್ದು 'ಬ' ಖರಾಬು. ಖರಾಬು ಎಂಬ ಹೆಸರು ಕೇಳಿ ಅದು ಕೆಟ್ಟ ಜಾಗ ಅಂದುಕೊಳ್ಳಬೇಡಿ. ನಿಮ್ಮ ಅಜ್ಜ ರಾಶಿ ಮಾಡಿದ ನೆಲವೇ ಅದಾಗಿರಬಹುದು. ಕಾಗದ ತೆಗೆದು ಒಮ್ಮೆ ನೋಡಿ.

ಮಾತು ಸೀಮೆಯಿಂದ ಸೀಮೆಗೆ ಬೇರೆ ಕೆಲಸವನ್ನೂ ಮಾಡುತ್ತದೆ. ಬಯಲುಸೀಮೆಯಲ್ಲಿ ಕಣ ಅಂದರೆ ಮುಖ್ಯವಾಗಿ ಒಕ್ಕುವ ಜಾಗ. ಕೊಡಗು ಚಿಕ್ಕಮಗಳೂರಿನ ಕಾಫಿ ತೋಟದಲ್ಲಿ ಎತ್ತೂ ಇಲ್ಲ, ಮೇಟಿಯೂ ಇಲ್ಲ. ಆದರೂ ಕಾಫಿ ಒಣಗಿಸುವ ಸಿಮೆಂಟಿನ ನೆಲಕ್ಕೆ ಕಣ ಅಂತಲೇ ಅನ್ನುತ್ತಾರೆ. ಅಲ್ಲಿ ಮಾತಿನ ಒಕ್ಕಣೆ ಭಾಗ ಉದುರಿ, ಒಣಗಿಸುವ ಭಾಗ ಮಾತ್ರ ನಿಂತಿತು. ಕರಾವಳಿಯಲ್ಲಿ ಅಡಿಕೆ ಒಣಗುವುದು ಮನೆಯ ಅಂಗಳದಲ್ಲಿ. ತುಳುವಿನಲ್ಲಿ ಅದಕ್ಕೆ 'ಜಾಲ್' ಅನ್ನುತ್ತಾರೆ. ಮಲೆನಾಡಿನಲ್ಲಿ ಬೇಯಿಸಿದ ಅಡಿಕೆಯನ್ನು ಅಟ್ಟ ಕಟ್ಟಿ ಅದರ ಮೇಲೆ ಹರಡುತ್ತಾರೆ. ನೆಲ ತೇವ ಇರುವ ಸೀಮೆಗೆ ಅಟ್ಟವೇ ಸರಿ. ಹೆಸರು ಬೇರೆಯಾದರೂ ಗುರಿ ಒಂದೇ. ತೇವ ಹೋಗಬೇಕು, ಕಾಳು ಉಳಿಯಬೇಕು.

ಹಾಗಿದ್ದರೆ ಈಗ ಏನಾಗಿದೆ? ಕೊಯ್ಲಿನ ಯಂತ್ರ ಗದ್ದೆಯಲ್ಲೇ ಕೊಯ್ದು, ಅಲ್ಲೇ ಒಕ್ಕಿ, ಕಾಳನ್ನು ಚೀಲಕ್ಕೆ ಸುರಿಯುತ್ತದೆ. ಎತ್ತು ಕಡಿಮೆಯಾದವು, ರೋಣಗಲ್ಲು ಬೇಲಿ ಪಕ್ಕ ಬಿದ್ದಿದೆ. ಕಣದ ಜಾಗದಲ್ಲಿ ಮನೆ ಎದ್ದಿದೆ. ಕಣ ಬೇಡವಾಯಿತು ಅಂತ ನಾವು ತಿಳಿದೆವು. ಆದರೆ ಯಂತ್ರ ಒಕ್ಕುತ್ತದೆಯೇ ಹೊರತು ಒಣಗಿಸುವುದಿಲ್ಲ. ಹಿಂದೆ ಕೊಯ್ದ ತೆನೆ ಮೆದೆಯಲ್ಲಿ, ಕಣದಲ್ಲಿ ದಿನಗಟ್ಟಲೆ ಇದ್ದು ತಾನಾಗಿ ಆರುತ್ತಿತ್ತು. ಯಂತ್ರದಿಂದ ಬಂದ ಭತ್ತದಲ್ಲಿ ನೂರಕ್ಕೆ ಇಪ್ಪತ್ತು ಭಾಗ, ಕೆಲವು ಸಲ ಇನ್ನೂ ಹೆಚ್ಚು ತೇವ ಇರುತ್ತದೆ. ಅದನ್ನು ಹಾಗೇ ಚೀಲ ಕಟ್ಟಿದರೆ ಒಳಗೆ ಕಾವು ಹುಟ್ಟಿ, ಬೂಸು ಹಿಡಿದು, ಬಣ್ಣ ಕೆಡುತ್ತದೆ. ಆಗ ಗಾಬರಿಯಿಂದ ಜನ ಡಾಂಬರು ರಸ್ತೆಗೆ ಓಡುತ್ತಾರೆ.

ರಸ್ತೆ ಕಣವಲ್ಲ, ಬಾಂಧವರೆ. ರಾಗಿ ಹುಲ್ಲಿನ ಮೇಲೆ, ಹುರುಳಿ ಸೊಪ್ಪಿನ ಮೇಲೆ ಬೈಕು ಜಾರಿದರೆ ಬೀಳುವವರು ನಮ್ಮೂರಿನ ಮಕ್ಕಳೇ. ರಾತ್ರಿ ಕಾಳಿನ ಅಂಚಿಗೆ ಇಟ್ಟ ಕಲ್ಲು ಕಾಣದೆ ಹೋಗುತ್ತದೆ. ಕಾಳಿಗೆ ಎಣ್ಣೆ, ಜಲ್ಲಿ, ಧೂಳು ಸೇರುತ್ತದೆ. ಕಣಕ್ಕೆ ಕೆರ ತರಬೇಡಿ ಎಂದ ಹಿರಿಯರ ಮೊಮ್ಮಕ್ಕಳು ಲಾರಿಯ ಗಾಲಿಯಡಿಗೆ ಅನ್ನವನ್ನು ಹರಡುವುದು ತರವೆ?

ಒಣಗಿಸುವುದರಲ್ಲಿ ಲಾಭ ನಷ್ಟದ ಲೆಕ್ಕವೂ ಇದೆ. 'ಒಣಗಿಸಿದರೆ ತೂಕ ಹೋಗುತ್ತದಲ್ಲ ಸ್ವಾಮಿ' ಅಂತ ಬಹಳ ಜನ ಕೇಳುತ್ತಾರೆ. ನಿಜ. ಇಪ್ಪತ್ತು ಭಾಗ ತೇವದ 100 ಕಿಲೊ ಭತ್ತವನ್ನು ಹದಿನಾಲ್ಕು ಭಾಗಕ್ಕೆ ಇಳಿಸಿದರೆ ಸುಮಾರು 93 ಕಿಲೊ ಉಳಿಯುತ್ತದೆ. ಹೋದ ಏಳು ಕಿಲೊ ನೀರು, ಭತ್ತವಲ್ಲ. ಆದರೆ ಹಸಿ ಕಾಳು ತಂದಿದ್ದೀರಿ ಅಂತ ವ್ಯಾಪಾರಿ ಬಾಯಿಗೆ ಬಂದಷ್ಟು ಕಡಿತ ಮಾಡಿದರೆ ಹೋಗುವುದು ನೀರಲ್ಲ, ನಿಮ್ಮ ದುಡಿಮೆ. ಸರ್ಕಾರದ ಖರೀದಿಯಲ್ಲಿ ಭತ್ತಕ್ಕೆ ನೂರಕ್ಕೆ 17, ರಾಗಿಗೆ 12 ಭಾಗ ತೇವದ ಮಿತಿ ಇಟ್ಟಿದ್ದಾರೆ. ಒಣಗಿದ ಕಾಳು ಕೈಯಲ್ಲಿದ್ದವನು ಕಾಯಬಲ್ಲ, ಬೆಲೆ ಕೇಳಬಲ್ಲ. ಹಸಿ ಕಾಳಿನವನು ಸಿಕ್ಕಿದ ಬೆಲೆಗೆ ಕೈ ಒಡ್ಡಬೇಕು.

ಕಡಲೆಕಾಯಿ ಬೆಳೆಯುವವರು ಇನ್ನೂ ಎಚ್ಚರ ಇರಬೇಕು. 1960ರಲ್ಲಿ ಇಂಗ್ಲೆಂಡಿನಲ್ಲಿ ಒಂದು ಲಕ್ಷಕ್ಕೂ ಹೆಚ್ಚು ಟರ್ಕಿ ಕೋಳಿಗಳು ಸತ್ತವು. ಕಾರಣ ಹುಡುಕಿದಾಗ ಬೂಸು ಹಿಡಿದ ಕಡಲೆಕಾಯಿ ಹಿಂಡಿ ಅಂತ ತಿಳಿಯಿತು. ಆ ಬೂಸಿನ ವಿಷಕ್ಕೆ ಅಫ್ಲಟಾಕ್ಸಿನ್ ಎಂದು ಹೆಸರಿಟ್ಟರು. ಅದು ಮನುಷ್ಯರ ಈಲಿಗೂ ಕೆಡುಕು. ಕಿತ್ತ ಕಾಯನ್ನು ಬೇಗ ಒಣಗಿಸಬೇಕು. ಅಲ್ಲಾಡಿಸಿದರೆ ಒಳಗೆ ಬೀಜ ಗಲಗಲ ಅನ್ನಬೇಕು. ಬೀಜದ ತೇವ ನೂರಕ್ಕೆ 8 ಭಾಗಕ್ಕಿಂತ ಹೆಚ್ಚಿರಬಾರದು. ಬೂಸು ಹಿಡಿದದ್ದನ್ನು ದನಕ್ಕೂ ಹಾಕಬಾರದು.

ಕೊನೆಗೆ ಕೆಲಸಕ್ಕೆ ಬರುವ ನಾಲ್ಕು ಮಾತು. ಒಂದು, ಭತ್ತವನ್ನು ಎರಡು ಬೆರಳಗಲಕ್ಕಿಂತ ದಪ್ಪವಾಗಿ ಹರಡಬೇಡಿ, ಗಂಟೆಗೊಮ್ಮೆ ಕೈಯಾಡಿಸಿ. ಎರಡು, ಸುಡು ಬಿಸಿಲಿನಲ್ಲಿ ಒಂದೇ ಸಲ ಒಣಗಿಸಿದರೆ ಭತ್ತ ಒಳಗೇ ಸೀಳಿ ನುಚ್ಚು ಹೆಚ್ಚುತ್ತದೆ. ನಡುಮಧ್ಯಾಹ್ನ ರಾಶಿ ಎಳೆದು ಮುಚ್ಚಿ, ಹೊತ್ತು ಇಳಿದ ಮೇಲೆ ಮತ್ತೆ ಹರಡಿ. ಸಂಜೆ ಇಬ್ಬನಿಗೆ ಮೊದಲು ಟಾರ್ಪಾಲು ಹೊದಿಸಿ. ಮೂರು, ತೇವ ನೋಡಲು ಯಂತ್ರ ಇಲ್ಲದಿದ್ದರೆ, ಚೆನ್ನಾಗಿ ಒಣಗಿದ ಗಾಜಿನ ಸೀಸೆಗೆ ಒಂದು ಹಿಡಿ ಕಾಳು, ಒಂದು ಚಮಚ ಒಣ ಉಪ್ಪು ಹಾಕಿ, ಬಿರಡೆ ಬಿಗಿದು ಕುಲುಕಿ, ಕಾಲು ಗಂಟೆ ಬಿಡಿ. ಉಪ್ಪು ಗಾಜಿಗೆ ಅಂಟಿದರೆ ತೇವ ಸುಮಾರು ಹದಿನೈದು ಭಾಗಕ್ಕಿಂತ ಹೆಚ್ಚಿದೆ, ಇನ್ನೂ ಒಣಗಬೇಕು. ಅಂಟದೆ ಉದುರಿದರೆ ಚೀಲ ಕಟ್ಟಬಹುದು. ನಾಲ್ಕು, ನಾಲ್ಕಾರು ಮನೆಯವರು ಸೇರಿ ಒಂದು ಕಣ ಮಾಡಿಕೊಳ್ಳಿ. ಕೆಲವು ಊರುಗಳಲ್ಲಿ ಪಂಚಾಯಿತಿಯಿಂದ ಸಿಮೆಂಟಿನ ಕಣ ಆಗಿವೆ. ನಿಮ್ಮೂರಿನ ಗ್ರಾಮಸಭೆಯಲ್ಲಿ ಈ ಮಾತು ಎತ್ತಿ. ಹೆಂಗಸರೂ ಎತ್ತಬೇಕು, ಒಣಗಿಸುವ ಕೆಲಸದ ಹೆಚ್ಚಿನ ಭಾರ ಅವರ ಮೇಲೇ ಇದೆ. ಆ ಕಣದ ಅಂಚಿನಲ್ಲಿ ಯಾರೂ ನಿಲ್ಲುವಂತಾಗಬಾರದು, ಎಲ್ಲರಿಗೂ ಒಳಗೆ ಜಾಗ ಇರಬೇಕು.

ಸಾವಿರಾರು ವರ್ಷ ಬಾಳಿ ಬಂದ ಮಾತು ನಿಘಂಟಿನ ಬಲದಿಂದ ಮುಂದೆಯೂ ಬಾಳುವುದಿಲ್ಲ. ಅದರ ಮೇಲೆ ಕಾಳು ಬಿದ್ದರೆ ಬಾಳುತ್ತದೆ. ಈ ಸುಗ್ಗಿಗೆ ನಿಮ್ಮ ಕಣ ಸಾರಿಸಿರಲಿ, ರಾಶಿ ಹುಲುಸಾಗಲಿ.